ಲುಲುವನ್ನು ಬಯಸಿದವರು: ಪಾಬ್ಸ್ಟ್‌ನ ‘ಪಂಡೋರಾಳ ಪೆಟ್ಟಿಗೆ’ಯ ಬಗ್ಗೆ ಒಂದು ಚರ್ಚೆ

ಹಳೆಯ ರೀಲು:

ಎಲ್ಲರಿಗೂ ನಮಸ್ಕಾರ. ಜಿ. ಡಬ್ಲ್ಯು. ಪಾಬ್ಸ್ಟ್ ನಿರ್ದೇಶನದ ‘ಪಂಡೋರಾಳ ಪೆಟ್ಟಿಗೆ’ಯನ್ನು ಕಳೆದ ವಾರ ಮೂರನೆಯ ಸಲ ನೋಡಿದೆ. 1929ರ ಫೆಬ್ರವರಿ 9ರಂದು ಬರ್ಲಿನ್ನಿನಲ್ಲಿ ಮೊದಲ ಪ್ರದರ್ಶನ ಕಂಡ ಈ ಜರ್ಮನ್ ಮೂಕಿ ಚಿತ್ರದ ಕಥೆಯನ್ನು ಯಾರನ್ನು ಕೇಳಿದರೂ, ಲುಲು ಎಂಬ ಚೆಲುವೆ, ಅವಳ ಹಿಂದೆ ಬಿದ್ದ ನಾಲ್ಕಾರು ಗಂಡಸರು, ಒಬ್ಬ ಕೌಂಟೆಸ್ (ಕುಲೀನ ಮನೆತನದ ಹೆಂಗಸು), ಕೊನೆಗೆ ಎಲ್ಲರ ಹಾಳು ಎಂದು ಒಂದೇ ಉಸಿರಿನಲ್ಲಿ ಹೇಳಿ ಮುಗಿಸುತ್ತಾರೆ. ಮೊದಲೆರಡು ಸಲ ನಾನೂ ಹಾಗೆಯೇ ನೋಡಿದ್ದೆ. ಈ ಸಲ ಮುಖಗಳನ್ನು ಬಿಟ್ಟು ಕೈಗಳನ್ನು, ಅದರಲ್ಲೂ ಯಾರ ಕೈಯಿಂದ ಯಾರ ಕೈಗೆ ದುಡ್ಡು ಹೋಗುತ್ತದೆ ಎಂಬುದನ್ನು ಗಮನಿಸುತ್ತ ಕುಳಿತೆ. ಚಿತ್ರ ಬೇರೆಯೇ ಆಗಿ ಕಾಣಿಸಿತು.

ಮೊದಲ ದೃಶ್ಯವನ್ನೇ ನೋಡಿ. ಮನೆಯ ಮೀಟರು ಓದಲು ಬಂದ ವಯಸ್ಸಾದ ನೌಕರನೊಬ್ಬ ಬಾಗಿಲ ಬಳಿ ನಿಂತಿದ್ದಾನೆ. ಲುಲು ಅವನಿಗೆ ಕುಡಿಯಲು ಕೊಡುತ್ತಾಳೆ, ಭಕ್ಷೀಸು ಕೊಡುತ್ತಾಳೆ, ಎಲ್ಲಕ್ಕಿಂತ ಹೆಚ್ಚಾಗಿ ಒಂದು ನಗುವನ್ನು ಕೊಡುತ್ತಾಳೆ. ಆತ ಆ ನಗು ತನಗಾಗಿಯೇ ಹುಟ್ಟಿದ್ದು ಎಂದುಕೊಂಡು ಮೈ ನೆಟ್ಟಗೆ ಮಾಡಿಕೊಳ್ಳುತ್ತಾನೆ. ಅಷ್ಟರಲ್ಲಿ ಕರೆಗಂಟೆ ಬಾರಿಸಿ, ಮಾಸಿದ ಬಟ್ಟೆಯ ಮುದುಕ ಶಿಗೋಲ್ಖ್ ಬರುತ್ತಾನೆ. ಲುಲು ಅವನನ್ನು ಅಪ್ಪಿಕೊಂಡು ಒಳಗೆ ಕರೆದೊಯ್ಯುತ್ತಾಳೆ. ಮೀಟರಿನವನು ಮುಖ ಬಾಡಿಸಿಕೊಂಡು ಹೊರಡುತ್ತಾನೆ. ಇಡೀ ಚಿತ್ರದ ಎಲ್ಲ ಗಂಡಸರ ಪಾಡೂ ಈ ಎರಡು ನಿಮಿಷದಲ್ಲಿ ಅಡಕವಾಗಿದೆ. ಆದರೆ ಇಲ್ಲಿ ಹಣ ಕೊಟ್ಟವಳು ಲುಲು ಎಂಬುದು ಯಾರ ಗಮನಕ್ಕೂ ಬರುವುದಿಲ್ಲ. ಕೊನೆಯ ದೃಶ್ಯದಲ್ಲಿ, ಲಂಡನ್ನಿನ ಮಂಜಿನಲ್ಲಿ ಸಿಕ್ಕ ಅಪರಿಚಿತ ತನ್ನ ಬಳಿ ದುಡ್ಡಿಲ್ಲ ಎನ್ನುತ್ತಾನೆ; ‘ಪರವಾಗಿಲ್ಲ ಬಾ, ನೀನು ನನಗೆ ಹಿಡಿಸಿದ್ದೀಯ’ ಎಂದು ಅವಳು ಕರೆಯುತ್ತಾಳೆ. ಈ ಎರಡು ದೃಶ್ಯಗಳ ನಡುವೆ ಬರುವವರೆಲ್ಲ ಅವಳಿಗೆ ಬೆಲೆ ಕಟ್ಟುವವರೇ. ಪತ್ರಿಕೆಗಳ ಒಡೆಯ ಡಾಕ್ಟರ್ ಶೋನ್ ಅವಳನ್ನು ಸಾಕಿಕೊಂಡಿದ್ದಾನೆ. ಕಸರತ್ತಿನ ರೋಡ್ರಿಗೋ ಕ್ವಾಸ್ಟ್‌ಗೆ ಅವಳು ತನ್ನ ಆಟಕ್ಕೆ ಬೇಕಾದ ಜೊತೆಗಾರ್ತಿ, ಮುಂದೆ ಬೆದರಿಸಿ ಹಣ ಕೀಳಲು ಒಂದು ನೆಪ. ಮಾರ್ಕ್ವಿಸ್ ಕಾಸ್ಟಿ ಪಿಯಾನಿಯಂತೂ ಪೊಲೀಸರ ಬಹುಮಾನ ದೊಡ್ಡದೋ ಈಜಿಪ್ಟಿನ ವೇಶ್ಯಾಗೃಹದವನು ಕೊಡುವ ಬೆಲೆ ದೊಡ್ಡದೋ ಎಂದು ಬಾಯಿಬಿಟ್ಟೇ ತೂಗಿ ನೋಡುತ್ತಾನೆ. ಇದನ್ನು ಪ್ರಣಯದ ಕಥೆ ಎಂದು ಕರೆಯಬಹುದೇ? ನಮ್ಮ ಹಳೆಯ ಮಾತಿನಲ್ಲಿ ಹೇಳುವುದಾದರೆ, ಸ್ವಯಂವರದ ಚಪ್ಪರ ಹಾಕಿ ಒಳಗೆ ಹರಾಜು ನಡೆಸಿದಂತಿದೆ. ತಿಳಿದವರು ಹೇಳಬೇಕು.

ತುಂಗಾತೀರ:

ರೀಲು ಅವರೇ, ತಮ್ಮ ಲೆಕ್ಕ ಚೆನ್ನಾಗಿದೆ. ಆದರೆ ಆ ಲೆಕ್ಕದಲ್ಲಿ ಲುಲು ತೀರ ಪಾಪದವಳಾಗಿಬಿಡುತ್ತಾಳೆ, ಅದನ್ನು ಒಪ್ಪುವುದು ನನಗೆ ಕಷ್ಟ. ರಂಗಮಂದಿರದ ಹಿಂಭಾಗದ ದೃಶ್ಯವನ್ನು ತಾವು ಬಿಟ್ಟಿದ್ದೀರಿ. ‘ಇಂಥವರನ್ನು ಮದುವೆಯಾಗುವುದುಂಟೇ, ಅದು ಆತ್ಮಹತ್ಯೆ’ ಎಂದು ಮಗ ಆಲ್ವಾನಿಗೆ ಬುದ್ಧಿ ಹೇಳುವ ಶೋನ್, ಮಂತ್ರಿಯ ಮಗಳು ಷಾರ್ಲಟ್‌ಳನ್ನು ಮದುವೆಯಾಗಲು ಹೊರಟಿದ್ದಾನೆ. ಆಲ್ವಾನ ಪ್ರದರ್ಶನಕ್ಕೆ ಅವಳನ್ನೂ ಕರೆದುಕೊಂಡು ಬರುತ್ತಾನೆ. ಲುಲು ಅವರಿಬ್ಬರನ್ನು ಕಂಡದ್ದೇ ತಡ, ಜಗತ್ತಿನ ಎಲ್ಲರ ಮುಂದೆ ಕುಣಿಯುತ್ತೇನೆ, ಆ ಹೆಂಗಸಿನ ಮುಂದೆ ಮಾತ್ರ ಕುಣಿಯುವುದಿಲ್ಲ ಎಂದು ಹಟ ಹಿಡಿಯುತ್ತಾಳೆ. ಹೊರಗೆ ರಂಗಪರಿಕರಗಳು ಅತ್ತಿಂದಿತ್ತ ಓಡಾಡುತ್ತಿವೆ, ಪಾತ್ರಧಾರಿಗಳು ಕಾಯುತ್ತಿದ್ದಾರೆ, ರಂಗನಿರ್ವಾಹಕನಿಗೆ ತಲೆ ಕೆಟ್ಟಿದೆ. ಒಳಗೆ ಸಾಮಾನಿನ ಕೋಣೆಯಲ್ಲಿ ಲುಲು ಕಾಲು ಬಡಿದು, ಅತ್ತು, ನಕ್ಕು, ಶೋನ್‌ನನ್ನು ತೋಳಿಗೆ ಎಳೆದುಕೊಳ್ಳುತ್ತಾಳೆ. ಬಾಗಿಲು ತೆರೆಯುತ್ತದೆ, ಮಗನೂ ಮದುವೆಯಾಗಬೇಕಾದ ಹುಡುಗಿಯೂ ಹೊಸ್ತಿಲಲ್ಲಿ ನಿಂತಿದ್ದಾರೆ. ಆಗ ಲುಲು ಅವರತ್ತ ಬೀರುವ ನೋಟ ಗೆದ್ದವಳದು. ಮರುಕ್ಷಣವೇ ಏನೂ ಆಗಲಿಲ್ಲವೆಂಬಂತೆ ಎದ್ದು ಕುಣಿಯಲು ಹೋಗುತ್ತಾಳೆ. ಬೆಲೆ ಕಟ್ಟುವವರ ನಡುವೆ ತನ್ನ ಬೆಲೆ ಏನೆಂದು ಬಲ್ಲವಳು ಅವಳು. ಹರಾಜಿನ ವಸ್ತು ಹೀಗೆ ನಗುವುದಿಲ್ಲ.

ನೇಪಥ್ಯ:

ಮೂಲ ನಾಟಕಗಳನ್ನು ಓದಿದವನಾದ್ದರಿಂದ ಒಂದೆರಡು ವಿಷಯ ಸೇರಿಸುತ್ತೇನೆ. ಫ್ರಾಂಕ್ ವೆಡೆಕಿಂಡ್ ಬರೆದ ‘ಭೂಚೇತನ’ (1895) ಮತ್ತು ‘ಪಂಡೋರಾಳ ಪೆಟ್ಟಿಗೆ’ (1904) ಎಂಬ ಎರಡು ನಾಟಕಗಳನ್ನು ಹೆಣೆದು ಲಾಡಿಸ್ಲಾಸ್ ವಾಜ್ಡಾ ಈ ಚಿತ್ರಕಥೆಯನ್ನು ಮಾಡಿದ. ನಾಟಕದಲ್ಲಿ ಶೋನ್‌ಗಿಂತ ಮೊದಲು ಲುಲುವಿಗೆ ಇಬ್ಬರು ಗಂಡಂದಿರು. ಮೊದಲನೆಯವನಾದ ಡಾಕ್ಟರ್ ಗೋಲ್ ಅವಳನ್ನು ಚಿತ್ರಕಾರನ ಜೊತೆ ಕಂಡು ಆಘಾತದಿಂದ ಸಾಯುತ್ತಾನೆ. ಎರಡನೆಯವನಾದ ಆ ಚಿತ್ರಕಾರ ಶ್ವಾರ್ಟ್ಸ್, ಅವಳ ಹಿಂದಿನ ಬದುಕನ್ನು ಶೋನ್‌ನ ಬಾಯಿಂದ ಕೇಳಿ ಕತ್ತು ಕೊಯ್ದುಕೊಳ್ಳುತ್ತಾನೆ. ಪಾಬ್ಸ್ಟ್ ಇಬ್ಬರನ್ನೂ ಕೈಬಿಟ್ಟ. ಹೆಣಗಳ ಸಂಖ್ಯೆ ಕಡಿಮೆಯಾದದ್ದರಿಂದ ಲುಲು ಗಂಡಸರನ್ನು ನುಂಗುವವಳು ಎಂಬ ಭಾವನೆಯೂ ತಾನಾಗಿಯೇ ತಗ್ಗಿತು.

ಇನ್ನೊಂದು ವಿಷಯ ನನಗೆ ಬಹಳ ಮುಖ್ಯವೆನಿಸುತ್ತದೆ. ನಾಟಕದಲ್ಲಿ ಅವಳನ್ನು ಬಯಸುವ ಒಬ್ಬೊಬ್ಬನೂ ಅವಳಿಗೆ ಒಂದೊಂದು ಹೆಸರು ಇಡುತ್ತಾನೆ. ಗೋಲ್‌ಗೆ ಅವಳು ನೆಲ್ಲಿ, ಶ್ವಾರ್ಟ್ಸ್‌ಗೆ ಈವ್, ಶೋನ್‌ಗೆ ಮಿನ್ಯೋನ್. ಲುಲು ಎಂದು ಕರೆಯುವವನು ಆ ಮುದುಕ ಶಿಗೋಲ್ಖ್. ಅವನು ಅವಳ ತಂದೆಯೋ, ಮೊದಲ ಯಜಮಾನನೋ, ಎರಡೂ ಹೌದೋ ಎಂಬುದು ನಾಟಕದಲ್ಲೂ ಚಿತ್ರದಲ್ಲೂ ಬಗೆಹರಿಯುವುದಿಲ್ಲ. ಮದುವೆಯಾದ ಹೆಣ್ಣಿಗೆ ಅಕ್ಕಿಯ ತಟ್ಟೆಯಲ್ಲಿ ಹೊಸ ಹೆಸರು ಬರೆಸುವ ಪದ್ಧತಿಯನ್ನು ಕಂಡ ನಮಗೆ ಇದರ ಅರ್ಥವನ್ನು ಬಿಡಿಸಿ ಹೇಳಬೇಕಾಗಿಲ್ಲ. ‘ಭೂಚೇತನ’ದ ಪೀಠಿಕೆಯಲ್ಲಿ ಮೃಗಗಳನ್ನು ಪಳಗಿಸುವವನೊಬ್ಬ ಚಾವಟಿ ಹಿಡಿದು ಬಂದು ಲುಲುವನ್ನು ಹಾವು ಎಂದು ಪ್ರೇಕ್ಷಕರಿಗೆ ಪರಿಚಯಿಸುತ್ತಾನೆ. ಪಾಬ್ಸ್ಟ್ ಅದನ್ನೂ ತೆಗೆದುಹಾಕಿ, ಆ ಜಾಗದಲ್ಲಿ ಮೀಟರು ಓದುವವನನ್ನು ತಂದು ನಿಲ್ಲಿಸಿದ. ಚಾವಟಿಯ ಬದಲು ಭಕ್ಷೀಸು. ರೀಲು ಅವರ ಲೆಕ್ಕಕ್ಕೆ ಇದು ಪುಷ್ಟಿ ಕೊಡುತ್ತದೆ.

ತುಂಗಾತೀರ:

ಹೆಸರುಗಳ ವಿಷಯ ತಿಳಿದಿರಲಿಲ್ಲ, ಧನ್ಯವಾದಗಳು. ಆದರೆ ಚಿತ್ರದ ಹೆಸರು ‘ಪಂಡೋರಾ’ ಎಂದೇ ಉಳಿಯಿತಲ್ಲ? ಗ್ರೀಕರ ಕಥೆಯಲ್ಲಿ ಲೋಕದ ಅನಿಷ್ಟಗಳನ್ನೆಲ್ಲ ಬಿಡುಗಡೆ ಮಾಡಿದವಳು ಅವಳೇ ಅಲ್ಲವೇ?

ನೇಪಥ್ಯ:

ಆ ಕಥೆಯನ್ನು ಚಿತ್ರದಲ್ಲಿ ಹೇಳುವವರು ಯಾರು ಎಂಬುದನ್ನು ದಯವಿಟ್ಟು ಗಮನಿಸಿ. ಶೋನ್‌ನನ್ನು ಕೊಂದ ಆರೋಪ ಹೊತ್ತ ಲುಲುವಿಗೆ ನ್ಯಾಯಾಲಯದಲ್ಲಿ ಮರಣದಂಡನೆ ಕೇಳಲು ಎದ್ದುನಿಂತ ಸರ್ಕಾರಿ ವಕೀಲ. ಅದು ಅವನ ವಾದ, ಚಿತ್ರದ ತೀರ್ಪಲ್ಲ. ಅದಕ್ಕೆ ಉತ್ತರವನ್ನೂ ಪಾಬ್ಸ್ಟ್ ಅಲ್ಲಿಯೇ ಕೊಡಿಸಿದ್ದಾನೆ: ಸಾಕ್ಷಿಯ ಜಾಗದಲ್ಲಿದ್ದ ಕೌಂಟೆಸ್ ಗೆಶ್ವಿಟ್ಸ್, ನಿಮ್ಮ ಹೆಂಡತಿ ಬಾಲ್ಯದ ರಾತ್ರಿಗಳನ್ನು ಕಾಫಿಮನೆಗಳಲ್ಲೂ ಕ್ಯಾಬರೆಗಳಲ್ಲೂ ಕಳೆಯಬೇಕಾಗಿ ಬಂದಿದ್ದರೆ ಅವರ ಗತಿ ಏನಾಗುತ್ತಿತ್ತು ಎಂದು ವಕೀಲನನ್ನೇ ಪ್ರಶ್ನಿಸುತ್ತಾಳೆ. ಅವನ ಬಳಿ ಇದಕ್ಕೆ ಉತ್ತರವಿಲ್ಲ.

ನೆರಳು ಬೆಳಕು:

ಛಾಯಾಗ್ರಹಣ ನನ್ನ ವೃತ್ತಿ. ಆದ್ದರಿಂದ ನಾನು ನೋಡಿದ್ದನ್ನು ಮಾತ್ರ ಹೇಳುತ್ತೇನೆ. ಕ್ಯಾಮೆರಾ ಹಿಡಿದವನು ಗುಂಟರ್ ಕ್ರಾಂಪ್ಫ್, ‘ಓರ್ಲಾಕ್‌ನ ಕೈಗಳು’ ಚಿತ್ರದ ದಟ್ಟ ಕತ್ತಲೆಯನ್ನು ಸೆರೆಹಿಡಿದವನು. ಇಲ್ಲಿ ಅವನು ಲುಲುವಿನ ಮುಖಕ್ಕೆ ಮೃದುವಾದ ಬೆಳಕನ್ನೂ ಅವಳನ್ನು ನೋಡುವವರ ಮುಖಗಳಿಗೆ ಒರಟಾದ ನೆರಳನ್ನೂ ಕೊಟ್ಟಿದ್ದಾನೆ.

ಶೋನ್ ಕೊನೆಗೆ ಲುಲುವನ್ನೇ ಮದುವೆಯಾದ ರಾತ್ರಿಯ ದೃಶ್ಯವನ್ನು ನಾನು ಎಷ್ಟು ಸಲ ನಿಲ್ಲಿಸಿ ನೋಡಿದ್ದೇನೆಯೋ ನೆನಪಿಲ್ಲ. ಶೋನ್ ಮಲಗುವ ಕೋಣೆಗೆ ಬಂದಾಗ ಅಲ್ಲಿ ಶಿಗೋಲ್ಖ್ ಮತ್ತು ರೋಡ್ರಿಗೋ ಕುಡಿದ ಮತ್ತಿನಲ್ಲಿದ್ದಾರೆ. ಅವರನ್ನು ಅಟ್ಟಿ ಮರಳಿ ಬಂದರೆ ಸ್ವಂತ ಮಗ ಅವಳ ಮಡಿಲಲ್ಲಿ ತಲೆಯಿಟ್ಟಿದ್ದಾನೆ. ಎಲ್ಲರೂ ಹೋದ ಮೇಲೆ ಲುಲು ಕನ್ನಡಿಯ ಮುಂದೆ ನಿಂತು, ದಿನವೆಲ್ಲ ದುಡಿದು ಮನೆಗೆ ಬಂದವಳ ಹಾಗೆ ನಿರಾಳವಾಗಿ ಮುತ್ತಿನ ಸರವನ್ನು ಬಿಚ್ಚುತ್ತಾಳೆ. ಅವಳ ಪ್ರತಿಬಿಂಬದ ಪಕ್ಕದಲ್ಲಿ ಶೋನ್‌ನ ಪ್ರತಿಬಿಂಬ ಮೂಡುತ್ತದೆ. ಆತ ಕೋಣೆಯೊಳಗೆ ನಡೆದು ಬಂದದ್ದನ್ನು ನಾವು ಕಾಣಲಿಲ್ಲ, ಕನ್ನಡಿಯಲ್ಲಿ ಹುಟ್ಟಿದ್ದನ್ನು ಕಂಡೆವು. ಆಮೇಲೆ ಅವಳ ಕೈಗೆ ಪಿಸ್ತೂಲನ್ನು ತುರುಕಿ, ನಿನ್ನನ್ನು ನೀನೇ ಕೊಂದುಕೋ ಎನ್ನುತ್ತಾನೆ. ಕ್ಯಾಮೆರಾ ಇಬ್ಬರಿಗೂ ಎಷ್ಟು ಹತ್ತಿರ ಹೋಗುತ್ತದೆಂದರೆ ಪಿಸ್ತೂಲು ಚೌಕಟ್ಟಿನಿಂದ ಹೊರಗುಳಿಯುತ್ತದೆ. ಗುಂಡಿನ ಸದ್ದು ಮೂಕಿ ಚಿತ್ರದಲ್ಲಿ ಕೇಳಿಸುವಂತಿಲ್ಲ; ಇಬ್ಬರ ನಡುವಿನಿಂದ ತೆಳುವಾದ ಹೊಗೆ ಏಳುತ್ತದೆ, ಅಷ್ಟೇ. ಯಾರ ಬೆರಳು ಕುದುರೆಯನ್ನು ಒತ್ತಿತು ಎಂದು ಚಿತ್ರ ತೋರಿಸುವುದೇ ಇಲ್ಲ. ಸಾಯುವ ಮುನ್ನ ಶೋನ್ ಮಗನಿಗೆ ಹೇಳುವ ಮಾತು, ‘ಎಚ್ಚರ ಆಲ್ವಾ, ಮುಂದಿನ ಸರದಿ ನಿನ್ನದು’. ಪಿಸ್ತೂಲು ಕೊಟ್ಟವನು ತಾನೇ ಎಂಬುದು ಆ ಹೊತ್ತಿನಲ್ಲೂ ಅವನಿಗೆ ಹೊಳೆಯುವುದಿಲ್ಲ.

ತುಂಗಾತೀರ ಅವರು ಹೇಳಿದ ಗೆಲುವಿನ ನೋಟ ನನಗೂ ಕಾಣುತ್ತದೆ. ಅದರಲ್ಲಿ ಲೆಕ್ಕಾಚಾರ ಮಾತ್ರ ಕಾಣುವುದಿಲ್ಲ. ಹಟ ಮಾಡಿ ಬೇಕಾದದ್ದನ್ನು ಪಡೆದ ಮಗುವಿನ ಸಂತೋಷದಂತಿದೆ. ಇದಕ್ಕೆ ಕಾರಣ ಆ ನಟಿಯೇ.

ಮೈಸೂರಿನ ಪ್ರೇಕ್ಷಕಿ:

ನಟಿಯ ಮಾತು ಬಂದದ್ದರಿಂದ ನಾನೂ ಬರೆಯುತ್ತೇನೆ. ಲೂಯಿಸ್ ಬ್ರೂಕ್ಸ್ ಜರ್ಮನಿಯವಳಲ್ಲ, 1906ರಲ್ಲಿ ಅಮೆರಿಕದ ಕ್ಯಾನ್ಸಸ್‌ನಲ್ಲಿ ಹುಟ್ಟಿದವಳು. ಹದಿಹರೆಯದಲ್ಲಿಯೇ ಡೆನಿಷಾನ್ ನೃತ್ಯತಂಡದೊಂದಿಗೆ ಊರೂರು ಸುತ್ತಿದ ನರ್ತಕಿ. ಹೋವರ್ಡ್ ಹಾಕ್ಸ್‌ನ 1928ರ ಚಿತ್ರವೊಂದರಲ್ಲಿ ಅವಳನ್ನು ಕಂಡ ಪಾಬ್ಸ್ಟ್ ಇವಳೇ ಲುಲು ಎಂದು ತೀರ್ಮಾನಿಸಿದ. ಅದೇ ಹೊತ್ತಿಗೆ ಪ್ಯಾರಾಮೌಂಟ್ ಸಂಸ್ಥೆ ಸಂಬಳ ಏರಿಸಲು ಒಪ್ಪದ ಕಾರಣ ಅವಳು ಅಲ್ಲಿಂದ ಹೊರಬಂದಿದ್ದಳು. ಅವಳ ಒಪ್ಪಿಗೆ ಬರುವ ವೇಳೆಗೆ ಜರ್ಮನ್ ನಟಿ ಮಾರ್ಲೀನ್ ಡೀಟ್ರಿಚ್ ಅದೇ ಪಾತ್ರಕ್ಕಾಗಿ ಪಾಬ್ಸ್ಟ್‌ನ ಕಚೇರಿಯಲ್ಲಿ ಕುಳಿತಿದ್ದಳೆಂದು ಬ್ರೂಕ್ಸ್ ಮುಂದೆ ಬರೆದಿದ್ದಾಳೆ. ಡೀಟ್ರಿಚ್‌ಳ ಒಂದು ಮಾದಕ ನೋಟ ಸಾಕು, ಚಿತ್ರ ಪ್ರಹಸನವಾಗಿಬಿಡುತ್ತದೆ ಎಂಬುದು ಪಾಬ್ಸ್ಟ್‌ನ ಅಭಿಪ್ರಾಯವಾಗಿತ್ತಂತೆ. ಆ ಮಾತಿನಲ್ಲಿಯೇ ಅವನ ಲುಲು ಏನೆಂಬುದು ಸ್ಪಷ್ಟವಾಗಿದೆ. ನೋಡುವವರ ಕಣ್ಣಿನಲ್ಲಿ ಬಯಕೆ ಇರಬೇಕು, ನೋಡಿಸಿಕೊಳ್ಳುವವಳ ಕಣ್ಣಿನಲ್ಲಿ ಅಲ್ಲ.

ಚಿತ್ರೀಕರಣದ ಸಂಗತಿಗಳೂ ಕಥೆಗೆ ಹತ್ತಿರದವೇ. ಬ್ರೂಕ್ಸ್‌ಗೆ ಜರ್ಮನ್ ಬರುತ್ತಿರಲಿಲ್ಲ. ಶೋನ್ ಪಾತ್ರದ ಫ್ರಿಟ್ಸ್ ಕೋರ್ಟ್ನರ್ ಅವಳೊಂದಿಗೆ ಮಾತನ್ನೇ ಆಡುತ್ತಿರಲಿಲ್ಲವಂತೆ. ಹಿಡಿದು ಅಲುಗಾಡಿಸುವ ದೃಶ್ಯವಾದ ಮೇಲೆ ಅವನ ಹತ್ತು ಬೆರಳುಗಳ ಗುರುತು ಅವಳ ತೋಳುಗಳ ಮೇಲೆ ಕಪ್ಪುಗಟ್ಟಿತ್ತೆಂದು ಅವಳೇ ಹೇಳಿಕೊಂಡಿದ್ದಾಳೆ. ಲಂಡನ್ ದೃಶ್ಯಗಳಿಗಾಗಿ ಪಾಬ್ಸ್ಟ್ ಅವಳ ಸ್ವಂತದ ಒಳ್ಳೆಯ ಉಡುಪನ್ನೇ ತರಿಸಿ, ಹರಿಸಿ, ಜಿಡ್ಡು ಮೆತ್ತಿಸಿ ಉಡಿಸಿದ. ಬೇರೆ ಯಾವುದೋ ಚಿಂದಿಯನ್ನು ಉಟ್ಟಿದ್ದರೆ ಆ ಸಂಕಟ ಮುಖಕ್ಕೆ ಬರುತ್ತಿರಲಿಲ್ಲವೆಂಬುದೇನೋ ನಿಜ. ಆದರೂ, ಹೆಣ್ಣನ್ನು ತಮ್ಮ ಇಷ್ಟದಂತೆ ಆಡಿಸುವ ಗಂಡಸರ ಕಥೆ ಹೇಳುತ್ತಿರುವ ನಿರ್ದೇಶಕನೇ ಹೀಗೆ ಮಾಡಿದ್ದನ್ನು ಓದಿದಾಗ ನನಗೆ ಸ್ವಲ್ಪ ಕಸಿವಿಸಿಯಾಯಿತು.

ನಾವೆಲ್ಲ ಗಂಡಸರನ್ನೇ ಎಣಿಸುತ್ತಿದ್ದೇವೆ, ಅದೂ ಸರಿಯಲ್ಲ. ಲುಲುವಿಗಾಗಿ ಎಲ್ಲರಿಗಿಂತ ಹೆಚ್ಚು ಕಳೆದುಕೊಂಡವಳು ಆಲಿಸ್ ರಾಬರ್ಟ್ಸ್ ಅಭಿನಯಿಸಿದ ಕೌಂಟೆಸ್. ಮದುವೆಯ ಔತಣದಲ್ಲಿ ಅವಳು ಮದುಮಗಳೊಂದಿಗೆ ಟ್ಯಾಂಗೊ ಕುಣಿಯುವಾಗ ಅವಳ ಮುಖ ನೋಡಿ. ಹೆಣ್ಣು ಹೆಣ್ಣನ್ನು ಪ್ರೀತಿಸುವುದನ್ನು ತೆರೆಯ ಮೇಲೆ ಇಷ್ಟು ನೇರವಾಗಿ ತೋರಿಸಿದ ಮೊದಮೊದಲ ಚಿತ್ರಗಳಲ್ಲಿ ಇದೂ ಒಂದು. ನಟಿಗೆ ಆ ದೃಶ್ಯ ಸುತರಾಂ ಇಷ್ಟವಿರಲಿಲ್ಲ. ಪಾಬ್ಸ್ಟ್ ಕ್ಯಾಮೆರಾದ ಪಕ್ಕದಲ್ಲಿ ತಾನೇ ನಿಂತು, ಅವಳು ತನ್ನತ್ತ ನೋಡಿ ಪ್ರೀತಿಯನ್ನು ಅಭಿನಯಿಸುವಂತೆ ಮಾಡಿದನಂತೆ. ನಾವು ಕಾಣುವ ಆ ಆರ್ತ ನೋಟ ಲುಲುವಿನ ಭುಜದಾಚೆ ನಿಂತ ನಿರ್ದೇಶಕನ ಮೇಲಿನದು! ನ್ಯಾಯಾಲಯದಿಂದ ತಪ್ಪಿಸಿಕೊಂಡ ಲುಲು ಅಡಗಿದ್ದ ಹಡಗಿನಲ್ಲಿ ಅವಳನ್ನು ಉಳಿಸಲು ಇದೇ ಕೌಂಟೆಸ್ ತಾನು ಹೇಸುವ ರೋಡ್ರಿಗೋನನ್ನು ಒಲಿಸಿಕೊಂಡಂತೆ ನಟಿಸಿ ಕೋಣೆಗೆ ಕರೆದೊಯ್ಯುತ್ತಾಳೆ, ಅವನು ಅಲ್ಲಿಂದ ಜೀವಂತ ಹೊರಬರುವುದಿಲ್ಲ. ಇಷ್ಟು ಮಾಡಿದವಳಿಗೆ ಲುಲುವಿನಿಂದ ಸಿಕ್ಕಿದ್ದು ಬಹಳ ಕಡಿಮೆ.

ಹಳೆಯ ರೀಲು:

ಪ್ರೇಕ್ಷಕಿಯವರೇ, ಕೌಂಟೆಸ್‌ಳನ್ನು ನನ್ನ ಪಟ್ಟಿಯಲ್ಲಿ ಹೆಸರಿಗಷ್ಟೇ ಸೇರಿಸಿದ್ದು ತಪ್ಪು, ಒಪ್ಪುತ್ತೇನೆ. ಲುಲುವಿಗೆ ಬೆಲೆ ಕಟ್ಟದ ಒಬ್ಬಳು ಅವಳೇ. ಅವಳು ಪಾಸ್‌ಪೋರ್ಟನ್ನೂ ಕೊಟ್ಟಳು, ಹಣವನ್ನೂ ಕೊಟ್ಟಳು.

ಬರ್ಲಿನ್ ನಿವಾಸಿ:

ಹಲವು ವರ್ಷಗಳಿಂದ ಇಲ್ಲಿಯೇ ನೆಲೆಸಿರುವ ಕನ್ನಡಿಗ ನಾನು. ಸದಸ್ಯರು ಯಾವ ಪ್ರತಿಯನ್ನು ನೋಡಿ ಮಾತನಾಡುತ್ತಿದ್ದೀರಿ ಎಂಬುದನ್ನು ದಯವಿಟ್ಟು ತಿಳಿಸಿ, ಏಕೆಂದರೆ ಈ ಚಿತ್ರದ ಗೊಂದಲಗಳಲ್ಲಿ ಅರ್ಧ ಅಲ್ಲಿಂದಲೇ ಹುಟ್ಟುತ್ತವೆ. ಬೇರೆ ಬೇರೆ ದೇಶಗಳಿಗೆ ಹೋದಾಗ ಇದನ್ನು ಮನಬಂದಂತೆ ಕತ್ತರಿಸಿದರು. ಫ್ರಾನ್ಸಿನಲ್ಲಿ ಆಲ್ವಾ ಮಗನ ಬದಲು ಕಾರ್ಯದರ್ಶಿಯಾದ, ಕೌಂಟೆಸ್ ಬಾಲ್ಯದ ಗೆಳತಿಯಾದಳು. ಅಮೆರಿಕದಲ್ಲಿ ತೋರಿಸಿದ ಪ್ರತಿಯ ಕೊನೆಯಲ್ಲಿ ಲುಲು ಸಾಯುವುದೇ ಇಲ್ಲ, ಬಡವರಿಗೆ ನೆರವಾಗುವ ಕ್ರೈಸ್ತ ಸಂಸ್ಥೆಯಾದ ಸಾಲ್ವೇಶನ್ ಆರ್ಮಿಯನ್ನು ಸೇರಿ ಉದ್ಧಾರವಾಗುತ್ತಾಳೆ! ತಂದೆ ಮಗ ಇಬ್ಬರೂ ಒಬ್ಬಳನ್ನೇ ಬಯಸುವ ಎಳೆಯನ್ನು ಕಿತ್ತ ಮೇಲೆ ಶೋನ್‌ನ ಸಾವಿಗೆ ಏನು ಅರ್ಥ ಉಳಿಯುತ್ತದೆ?

ಜರ್ಮನಿಯಲ್ಲಿಯೂ ಆಗ ಚಿತ್ರಕ್ಕೆ ಒಳ್ಳೆಯ ಸ್ವಾಗತ ಸಿಗಲಿಲ್ಲ. ವೆಡೆಕಿಂಡ್‌ನ ಲುಲು ಎಂದರೆ ಮಾತಿನ ಲುಲು, ಮಾತಿಲ್ಲದ ಅಮೆರಿಕದ ಹುಡುಗಿ ಅವಳಾಗುವುದು ಹೇಗೆ ಎಂಬುದು ವಿಮರ್ಶಕರ ತಕರಾರು. ಆಸ್ಟಾ ನೀಲ್ಸನ್ 1923ರ ಮೂಕಿ ಚಿತ್ರವೊಂದರಲ್ಲಿ ಇದೇ ಪಾತ್ರವನ್ನು ಮಾಡಿದ್ದಳಾದ್ದರಿಂದ ಹೋಲಿಕೆಯೂ ತಪ್ಪಲಿಲ್ಲ. ಟಾಕಿ ಬಂದ ಮೇಲಂತೂ ಚಿತ್ರ ಮರೆವಿಗೆ ಸರಿಯಿತು. 1950ರ ದಶಕದಲ್ಲಿ ಪ್ಯಾರಿಸ್ಸಿನ ಸಿನೆಮಾಟೆಕ್ ಎಂಬ ಚಿತ್ರಭಂಡಾರದ ಆನ್ರಿ ಲಾಂಗ್ಲ್ವಾ ಬ್ರೂಕ್ಸ್‌ಳನ್ನು ಖ್ಯಾತ ನಟಿ ಗಾರ್ಬೊಗಿಂತ, ಡೀಟ್ರಿಚ್‌ಗಿಂತ ಮೇಲೆ ಕೂರಿಸಿ ಮಾತನಾಡಿದ. ಅಲ್ಲಿಂದ ಅವಳ ಎರಡನೆಯ ಬದುಕು ಶುರುವಾಯಿತು. ಈಗ ಸಿಗುವ ಪುನಶ್ಚೇತನಗೊಂಡ ಪ್ರತಿ ಎರಡು ಗಂಟೆ ಹನ್ನೆರಡು ನಿಮಿಷಕ್ಕೂ ಮೀರಿದ್ದು, ಎಂಟು ಅಂಕಗಳಲ್ಲಿದೆ. ಅದಕ್ಕಿಂತ ಚಿಕ್ಕದನ್ನು ನೋಡಿದ್ದರೆ ಮತ್ತೊಮ್ಮೆ ನೋಡಿ.

ಧಾರವಾಡದ ಓದುಗ:

ವಿಷಯಾಂತರವೆನಿಸಿದರೆ ಕ್ಷಮಿಸಿ. ಈ ಚಿತ್ರ ಬಂದ ಎರಡೇ ವರ್ಷಕ್ಕೆ, 1931ರಲ್ಲಿ, ಮೋಹನ್ ಭವನಾನಿ ‘ವಸಂತಸೇನಾ’ ಎಂಬ ಮೂಕಿ ಚಿತ್ರವನ್ನು ತೆಗೆದರು; ಏಣಾಕ್ಷಿ ರಾಮರಾವ್, ಕಮಲಾದೇವಿ ಚಟ್ಟೋಪಾಧ್ಯಾಯ ಅವರಂಥವರು ಅದರಲ್ಲಿ ಅಭಿನಯಿಸಿದ್ದರು. ಅದಕ್ಕೆ ಮೂಲವಾದ ಸಂಸ್ಕೃತ ನಾಟಕ ‘ಮೃಚ್ಛಕಟಿಕ’ದಲ್ಲಿಯೂ ಇರುಳಿನ ಬೀದಿಯಲ್ಲಿ ಹೆಣ್ಣನ್ನು ಬೆನ್ನಟ್ಟುವ ಶಕಾರನಿದ್ದಾನೆ, ಒಡವೆಯ ಬೆಲೆಯಿದೆ, ಕತ್ತು ಹಿಸುಕುವ ಕೈಯಿದೆ, ಕೊನೆಗೆ ನ್ಯಾಯಾಲಯವೂ ಇದೆ. ಆದರೆ ವಸಂತಸೇನೆಗೆ ದುಡ್ಡಿಲ್ಲದ ಚಾರುದತ್ತ ಸಿಕ್ಕ. ಲುಲು ದುಡ್ಡಿಲ್ಲದವನನ್ನು ಮೆಚ್ಚಿ ಕರೆದರೆ ಅವನು ಲಂಡನ್ನಿನಲ್ಲಿ ಹೆಂಗಸರನ್ನು ಕೊಲ್ಲುತ್ತಿದ್ದ ಹಂತಕ ಜ್ಯಾಕ್ ದಿ ರಿಪ್ಪರ್.

ತುಂಗಾತೀರ:

ಈ ಹೋಲಿಕೆ ನನ್ನನ್ನು ಕೊನೆಯ ದೃಶ್ಯಕ್ಕೆ ಮರಳಿಸಿತು. ನಿನ್ನೆ ರಾತ್ರಿ ಅದನ್ನು ಮತ್ತೆ ನೋಡಿದೆ. ಕ್ರಿಸ್‌ಮಸ್ ಹಿಂದಿನ ರಾತ್ರಿ. ಗುಸ್ಟಾವ್ ಡೀಸ್ಲ್ ಅಭಿನಯಿಸಿದ ಜ್ಯಾಕ್ ಮೆಟ್ಟಿಲ ಮೇಲೆ ಅನುಮಾನಿಸುತ್ತ ನಿಲ್ಲುತ್ತಾನೆ. ಲುಲು ಕೈ ಚಾಚಿ ಕರೆಯುತ್ತಾಳೆ. ಅವನು ಬೆನ್ನ ಹಿಂದೆ ಹಿಡಿದಿದ್ದ ಚಾಕುವನ್ನು ಮೆಟ್ಟಿಲ ಸಂದಿನಿಂದ ಕೆಳಕ್ಕೆ ಬಿಡುತ್ತಾನೆ. ಕೊಲ್ಲಬಾರದೆಂದು ಅವನು ನಿರ್ಧರಿಸಿದ್ದ! ಅಟ್ಟದ ಕೋಣೆಯಲ್ಲಿ ಲುಲು ಅವನ ಕೋಟಿನ ಜೇಬಿನಿಂದ ಮೇಣದ ಬತ್ತಿಯನ್ನೂ ಮಿಸಲ್‌ಟೋ ಎಂಬ ಬಂದಳಿಕೆಯ ಜಾತಿಯ ಟೊಂಗೆಯನ್ನೂ ತೆಗೆದು, ಬತ್ತಿ ಹಚ್ಚಿ, ಅವನ ತೊಡೆಯ ಮೇಲೆ ಕುಳಿತುಕೊಳ್ಳುತ್ತಾಳೆ. ಆ ಟೊಂಗೆಯ ಕೆಳಗೆ ಸಿಕ್ಕವರಿಗೆ ಮುತ್ತಿಡುವುದು ಅವರ ಪದ್ಧತಿ. ಮುತ್ತಿಡುವಾಗ ಮೇಜಿನ ಮೇಲಿನ ಬ್ರೆಡ್ಡು ಕೊಯ್ಯುವ ಚಾಕು ದೀಪದ ಬೆಳಕಿಗೆ ಹೊಳೆಯುತ್ತದೆ. ಮುಂದೆ ನಾವು ಕಾಣುವುದು ಅವನ ಬೆನ್ನಿನ ಮೇಲಿದ್ದ ಅವಳ ಕೈ ಸಡಿಲವಾಗಿ ಜಾರುವುದನ್ನು ಮಾತ್ರ.

ಲುಲುವಿಗೆ ತನ್ನ ಬೆಲೆ ಗೊತ್ತಿತ್ತು ಎಂದು ನಾನು ಮೊದಲು ಬರೆದಿದ್ದೆ. ಅದನ್ನು ಹಿಂತೆಗೆದುಕೊಳ್ಳುವುದಿಲ್ಲ. ಆದರೆ ಈ ಕೋಣೆಯಲ್ಲಿ ಅವಳು ಆ ಲೆಕ್ಕವನ್ನು ಪಕ್ಕಕ್ಕಿಟ್ಟಿದ್ದಳು ಎಂಬುದನ್ನು ಒಪ್ಪುತ್ತೇನೆ.

ನೇಪಥ್ಯ:

ನಾಟಕದಲ್ಲಿ ಆ ರಾತ್ರಿ ಜ್ಯಾಕ್‌ಗಿಂತ ಮೊದಲು ಬೇರೆ ಗಿರಾಕಿಗಳೂ ಬಂದು ಹೋಗುತ್ತಾರೆ, ಕೌಂಟೆಸ್ ಕೂಡ ಅಲ್ಲಿಯೇ ಕೊಲೆಯಾಗುತ್ತಾಳೆ. ಸಂಗೀತ ಸಂಯೋಜಕ ಆಲ್ಬನ್ ಬೆರ್ಗ್ ಇದನ್ನೇ ಅಪೆರಾ, ಅಂದರೆ ಹಾಡುಗಳ ನಾಟಕ, ಮಾಡಿದಾಗ ಶೋನ್ ಆಗಿ ಹಾಡಿದ ಗಾಯಕನೇ ಜ್ಯಾಕ್ ಆಗಿ ಮರಳಬೇಕೆಂದು ವಿಧಿಸಿದ. ಸತ್ತ ಗಂಡಂದಿರೇ ಗಿರಾಕಿಗಳಾಗಿ ಬಂದು ಸೇಡು ತೀರಿಸಿಕೊಂಡ ಹಾಗೆ. ಪಾಬ್ಸ್ಟ್ ಒಬ್ಬನನ್ನೇ ಇಟ್ಟುಕೊಂಡು, ಅವನಿಗೆ ಒಂದು ಸಾತ್ವಿಕ ಕ್ಷಣವನ್ನೂ ಕೊಟ್ಟ. ನನ್ನ ಮಟ್ಟಿಗೆ ಇದು ಮೂಲಕ್ಕಿಂತ ಮೇಲು, ಹೆಚ್ಚು ಕ್ರೂರವೂ ಹೌದು.

ಹಳೆಯ ರೀಲು:

ತುಂಗಾತೀರ ಅವರೇ, ನೀವು ಹೇಳಿದ ಆ ಬತ್ತಿ ಮತ್ತು ಟೊಂಗೆ ಜ್ಯಾಕ್‌ನ ಜೇಬಿಗೆ ಬಂದ ಬಗೆಯನ್ನು ನಾನು ಮೂರು ಸಲವೂ ಗಮನಿಸಿರಲಿಲ್ಲ, ಈಗ ಹಿಂದಕ್ಕೆ ಹೋಗಿ ನೋಡಿದೆ. ಲುಲುವನ್ನು ಕಾಣುವ ಮೊದಲು ಅವನು ಬೀದಿಯಲ್ಲಿ ಸಾಲ್ವೇಶನ್ ಆರ್ಮಿಯ ಹುಡುಗಿಯೊಬ್ಬಳ ಎದುರು ನಿಲ್ಲುತ್ತಾನೆ, ಅವಳ ಪಾತ್ರೆಗೆ ಕಾಸು ಹಾಕುತ್ತಾನೆ. ಅವಳು ಇವನ್ನು ಅವನ ಕೈಗಿಡುತ್ತಾಳೆ. ಲುಲುವಿನ ಬಳಿ ಬಂದು ದುಡ್ಡಿಲ್ಲ ಎಂದದ್ದು ಅದಾದ ಮೇಲೆ.

ಇನ್ನು ಶಿಗೋಲ್ಖ್‌ನನ್ನು ಯಾವ ಪಟ್ಟಿಗೆ ಸೇರಿಸಬೇಕೋ ತಿಳಿಯುತ್ತಿಲ್ಲ. ಮೇಲೆ ಅಟ್ಟದಲ್ಲಿ ಅದೆಲ್ಲ ನಡೆಯುವ ಹೊತ್ತಿನಲ್ಲಿ ಅವನು ಹೆಂಡದಂಗಡಿಯಲ್ಲಿ ಕುಳಿತು, ಬಹಳ ದಿನದಿಂದ ಆಸೆಪಟ್ಟಿದ್ದ ಕ್ರಿಸ್‌ಮಸ್ ಪುಡ್ಡಿಂಗನ್ನು ಚಪ್ಪರಿಸಿ ತಿನ್ನುತ್ತಿದ್ದಾನೆ.